ತಾಗಿತು ಎಂದು ನಾನು ಹೇಳಿದೆ

ಆ ಪೊರಕೆ ಎಂಟು ತಿಂಗಳು ನನ್ನ ಕಾರಿನ ಡಿಕ್ಕಿಯಲ್ಲಿತ್ತು. ಗ್ರೋಸರಿ ಚೀಲಗಳ ಕೆಳಗೆ, ಒಂದು ಹಳೆಯ ಕೊಡೆಯ ಪಕ್ಕದಲ್ಲಿ. ಪೊರಕೆ ಅಂದರೆ ಮನೆ ಗುಡಿಸುವುದಲ್ಲ. ಕರ್ಲಿಂಗ್ ಎಂಬ ಆಟದಲ್ಲಿ ಜಾರುವ ಕಲ್ಲಿನ ಮುಂದೆ ಐಸನ್ನು ಉಜ್ಜುತ್ತ ಓಡಲು ಬಳಸುವ ಉದ್ದ ಹಿಡಿಯ ಬ್ರಶ್ಶು ಅದು. ಇಲ್ಲಿಯವರು ಬ್ರೂಮ್ ಅನ್ನುತ್ತಾರೆ. ನಾವು ಮೊದಲ ದಿನದಿಂದಲೇ ಪೊರಕೆ ಅಂದೆವು. ಅದು ನನ್ನದಲ್ಲ, ನನ್ನ ಗೆಳತಿಯ ಮಗಳದು. ಅವಳು ಅದನ್ನು ಬಿಟ್ಟುಹೋದ ದಿನ ಏನಾಯಿತು ಎಂಬುದನ್ನು ಆದ ಕ್ರಮದಲ್ಲೇ ಬರೆಯಲು ನೋಡುತ್ತೇನೆ. ಅವತ್ತು ಆ ಕ್ರಮ ನನಗೆ ತಪ್ಪಿತು.

ಗೆಳತಿ ಉಡುಪಿಯವಳು. ಸ್ಯಾನ್ ಮಟಿಯೋದ ತನ್ನ ಮನೆಯಲ್ಲೇ ಡೇಕೇರ್ ನಡೆಸುತ್ತಾಳೆ. ನಾನು ಮಂಡ್ಯದವಳು. ಸೌತ್ ಸ್ಯಾನ್ ಫ್ರಾನ್ಸಿಸ್ಕೋದ ಒಂದು ಲ್ಯಾಬಿನಲ್ಲಿ ಔಷಧಿಗಳ ಗುಣಮಟ್ಟ ಪರೀಕ್ಷೆ ಮಾಡುವ ಕೆಲಸ. ಅವಳ ಮಗಳಿಗೆ ಹನ್ನೆರಡು ತುಂಬಿದ ವರ್ಷ, ಶಾಲೆಯ ಯಾರೋ ಗೆಳತಿಯ ಹುಟ್ಟುಹಬ್ಬವೆಂದು ಒಂದು ಐಸ್ ರಿಂಕಿಗೆ ಮೂವರೂ ಹೋದೆವು. ಅಲ್ಲಿ ಯಾರು ಬೇಕಾದರೂ ಕರ್ಲಿಂಗ್ ಆಡಿ ನೋಡಬಹುದಿತ್ತು. ಇಪ್ಪತ್ತು ಕಿಲೋ ತೂಗುವ ಗುಂಡನೆಯ ಕಲ್ಲನ್ನು ಮೊಣಕಾಲೂರಿ ತಳ್ಳಬೇಕು. ಅದು ನಿಧಾನವಾಗಿ ಜಾರುತ್ತ, ಕೊನೆಯಲ್ಲಿ ತುಸು ಬಾಗುತ್ತ, ಆ ತುದಿಯಲ್ಲಿ ಬರೆದ ವೃತ್ತಗಳ ನಡುವೆ ಹೋಗಿ ನಿಲ್ಲಬೇಕು. ಜೊತೆಯವರು ಮುಂದೆ ಉಜ್ಜಿದರೆ ಇನ್ನಷ್ಟು ದೂರ ಹೋಗುತ್ತದೆ. ಅಷ್ಟೇ ಆಟ. ಅವತ್ತು ಮನೆಗೆ ಬರುವಾಗ ಮೂವರ ಮೊಣಕಾಲೂ ಊದಿಕೊಂಡಿದ್ದವು. ಮುಂದಿನ ವಾರ ಮತ್ತೆ ಹೋದೆವು.

ಆಮೇಲೆ ಹದಿಮೂರು ವರ್ಷ ಬಿಡಲಿಲ್ಲ. ಕಲ್ಲು ಎಷ್ಟು ದೂರ ಹೋದೀತು ಎಂದು ಅಂದಾಜು ಮಾಡಿ ಕೂಗುವುದು ಉಜ್ಜುವವರ ಕೆಲಸ, ಅಂದರೆ ನನ್ನದು. ಎದುರಿನವರಿಗೆ ತಿಳಿಯದಿರಲೆಂದು ಕನ್ನಡದಲ್ಲೇ ಕೂಗುತ್ತಿದ್ದೆ.

"ಮಂಡ್ಯದವರಿಗೆ ಮೈಕ್ ಯಾಕೆ ಮಾರಾಯ್ತಿ," ಎನ್ನುತ್ತಿದ್ದಳು ಗೆಳತಿ. "ನೀನು ಇಲ್ಲಿ ಕೂಗಿದ್ರೆ ಓಕ್‌ಲೆಂಡಲ್ಲಿ ಕಲ್ಲು ನಿಲ್ತದೆ."

"ನಾನು ಕೂಗ್ಲಿಲ್ಲ ಅಂದ್ರೆ ನಿನ್ನ ಕಲ್ಲು ಅರ್ಧ ದಾರೀಲೇ ಮಲಗುತ್ತೆ ಕಣೇ, ನಿನ್ನ ಡೇಕೇರ್ ಮಕ್ಕಳ ಥರ."

ಮಗಳು ನಗುತ್ತ, "ಯೂ ಗೈಸ್, ಪ್ಲೀಸ್," ಎಂದು ಪಕ್ಕದ ಅಂಕಣದವರ ಕಡೆ ಕೈಮುಗಿಯುತ್ತಿದ್ದಳು. ನಮ್ಮ ಕನ್ನಡ ಅವಳಿಗೆ ಪೂರ್ತಿ ಅರ್ಥವಾಗುತ್ತಿತ್ತು. ಉತ್ತರ ಮಾತ್ರ ಇಂಗ್ಲಿಷಿನಲ್ಲಿ, ಅದರೊಳಗೆ ಅಲ್ಲೊಂದು ಇಲ್ಲೊಂದು ಕನ್ನಡ.

ಈ ಆಟದ ಒಂದು ಪದ್ಧತಿಯನ್ನು ಹೇಳದಿದ್ದರೆ ಮುಂದಿನದು ಅರ್ಥವಾಗುವುದಿಲ್ಲ. ಜಾರುತ್ತಿರುವ ಕಲ್ಲಿಗೆ ನಮ್ಮ ಪೊರಕೆಯಾಗಲಿ ಕಾಲಾಗಲಿ ತಾಗಬಾರದು. ತಾಗಿದರೆ ಆ ಕಲ್ಲು ಲೆಕ್ಕಕ್ಕಿಲ್ಲ. ಆದರೆ ತಾಗಿತೋ ಇಲ್ಲವೋ ಎಂದು ಹಿಡಿಯುವವರು ಬೇರೆ ಯಾರೂ ಇಲ್ಲ. ತಾಗಿಸಿದವರೇ ಕೈಯೆತ್ತಿ ಹೇಳಬೇಕು. ದೊಡ್ಡ ಪಂದ್ಯಗಳಲ್ಲಿ ಅಂಪೈರ್ ಇರುತ್ತಾರೆ, ಆದರೂ ಕರೆಯದೆ ಅವರು ಬರುವುದಿಲ್ಲ. ಯಾರೂ ನೋಡದಿದ್ದರೂ ಹೇಳಬೇಕು. ಹೇಳಿದವರ ಮಾತನ್ನು ಎಲ್ಲರೂ ನಂಬಬೇಕು.

ಹುಡುಗಿಗೆ ಹದಿನಾರಾಗಿದ್ದಾಗ ಒಂದು ಸಂಜೆಯ ಲೀಗ್ ಪಂದ್ಯದಲ್ಲಿ ಅವಳ ಶೂ ಕಲ್ಲಿಗೆ ತಾಗಿತು. ಅವಳು ಹೇಳಲಿಲ್ಲ. ನಾವು ಗೆದ್ದೆವು. ಹೊರಟು ಫ್ರೀವೇಗೆ ಬಂದ ಮೇಲೆ, ಪಕ್ಕದಲ್ಲಿ ಕೂತಿದ್ದ ಮಗಳ ಮುಖವನ್ನು ತಾಯಿ ಒಮ್ಮೆ ನೋಡಿದಳು. "ಎಂತಾಯ್ತು?" ಎಂದಳು. ಹುಡುಗಿ ಅಳಲು ಶುರುಮಾಡಿದಳು. ಮುಂದಿನ ಎಕ್ಸಿಟ್‌ನಲ್ಲಿ ಇಳಿದು ಕಾರು ತಿರುಗಿಸಿ ರಿಂಕಿಗೆ ವಾಪಸ್ಸು ಹೋದೆವು. ಎದುರು ತಂಡದವರು ಇನ್ನೂ ಮೇಜಿನ ಬಳಿ ಕೂತಿದ್ದರು. ಹುಡುಗಿ ಅವರ ಮುಂದೆ ನಿಂತು ಹೇಳಿದಳು. ಮತ್ತೆ ಕಾರಿಗೆ ಬಂದಾಗ ತಾಯಿ ಸ್ಟೀರಿಂಗ್ ಮೇಲೆ ಕೈಯಿಟ್ಟುಕೊಂಡು, ಕೀ ತಿರುಗಿಸದೆ ಹೇಳಿದ ಮಾತು ಇದು: "ಇನ್ನು ಮೇಲೆ ನೀನು ತಾಗಿತು ಅಂದ್ರೆ ತಾಗಿತು. ಇಲ್ಲ ಅಂದ್ರೆ ಇಲ್ಲ. ನಾನು ಎರಡನೇ ಸಲ ಕೇಳುವುದಿಲ್ಲ."

ನಾನು ಹಿಂದಿನ ಸೀಟಿನಲ್ಲಿದ್ದೆ. ಆ ಮಾತಿಗೆ ನಾನೊಬ್ಬಳೇ ಸಾಕ್ಷಿ.

ಅಂದಿನಿಂದ ಆ ಹುಡುಗಿ ಅನುಮಾನ ಬಂದರೂ ಕೈಯೆತ್ತಿದಳು. ಒಮ್ಮೆಯಂತೂ ಜಾಕೆಟ್ಟಿನ ದಾರ ತಾಗಿರಬಹುದು ಎಂದು ಗೆಲ್ಲುವ ಕಲ್ಲನ್ನು ತಾನೇ ಬದಿಗೆ ಸರಿಸಿದಳು. ಎದುರಿನವರೇ "ಬೇಡಮ್ಮ, ಇರಲಿ ಬಿಡು" ಅಂದರೂ ಕೇಳಲಿಲ್ಲ. ಇದು ನನಗೆ ಗೊತ್ತಿತ್ತು. ಗೊತ್ತಿತ್ತು ಎಂಬುದನ್ನು ಇಲ್ಲಿ ಬರೆದಿಡಬೇಕು.

ಭಾರತಕ್ಕೆ ಒಂದು ಮಹಿಳಾ ತಂಡ ಬೇಕೆಂದು ತಿಳಿದಾಗ ನಾವು ಅರ್ಜಿ ಹಾಕಿದೆವು. ಅಷ್ಟು ಕಡಿಮೆ ಜನ ಆಡುವ ಆಟ ಇದು. ಮೂವರ ಹತ್ತಿರವೂ ಭಾರತದ ಪಾಸ್‌ಪೋರ್ಟು ಇತ್ತು; ಮಗಳನ್ನು ಎರಡು ವರ್ಷದವಳಿದ್ದಾಗ ಕರೆತಂದಿದ್ದರು. ನಾಲ್ಕನೆಯವಳು ಹಾಸನದ ಕಡೆಯ ಒಬ್ಬ ಎಂಜಿನಿಯರ್. ತಂಡಕ್ಕಾಗಿ ಹುಡುಗಿ ಅಮೆರಿಕದ ಸಿಟಿಜನ್‌ಶಿಪ್ ಅರ್ಜಿಯನ್ನು ಮೂರು ವರ್ಷ ಮುಂದೂಡಿದಳು. ಅವಳ ಜೊತೆಯವರೆಲ್ಲ ಅರ್ಜಿ ಹಾಕಿ ಮುಗಿಸಿದ್ದರು. "ಅಮ್ಮನ ಜೊತೆ ಒಂದ್ಸಲ ಆಡ್ಬೇಕು, ಆಂಟಿ. ದೆನ್ ಐ'ಲ್ ಅಪ್ಲೈ," ಎಂದಿದ್ದಳು.

ಮೂರನೆಯ ವರ್ಷ ಕೆಳ ವಿಭಾಗದ ಅಂತರರಾಷ್ಟ್ರೀಯ ಚಾಂಪಿಯನ್‌ಶಿಪ್ ನಮ್ಮ ಬೇ ಏರಿಯಾದಲ್ಲೇ ನಡೆಯಿತು. ಗೆದ್ದ ಎರಡು ತಂಡಗಳು ಮೇಲಿನ ವಿಭಾಗಕ್ಕೆ ಹೋಗುತ್ತವೆ. ಕನ್ನಡದ ಕುಟುಂಬಗಳು ಡಬ್ಬಿಗಳಲ್ಲಿ ಪುಳಿಯೋಗರೆ ತುಂಬಿಕೊಂಡು, ಜಾಕೆಟ್ಟಿನ ಮೇಲೆ ಶಾಲು ಹೊದ್ದು ಬಂದವು. ಯಾವುದು ಒಳ್ಳೆಯ ಕಲ್ಲು, ಯಾವುದು ಕೆಟ್ಟದ್ದು ಎಂದು ಗೊತ್ತಾಗದೆ ಎಲ್ಲದಕ್ಕೂ ಚಪ್ಪಾಳೆ ಹೊಡೆದವು. ಕೊನೆಯ ಪಂದ್ಯಕ್ಕೆ ಬರುವಷ್ಟರಲ್ಲಿ ಲೆಕ್ಕ ಸರಳವಾಗಿತ್ತು: ಇದನ್ನು ಗೆದ್ದರೆ ನಾವು ಮೇಲಿನ ವಿಭಾಗಕ್ಕೆ, ಸೋತರೆ ಮನೆಗೆ.

ಪಂದ್ಯದ ಕೊನೆಯ ಕಲ್ಲು ನಮ್ಮದು. ಅಂಕಗಳು ಸಮ. ವೃತ್ತದೊಳಗೆ ಎದುರಿನವರ ಕಲ್ಲೊಂದು ನಡುವಿನಿಂದ ಒಂದು ಮಾರು ದೂರದಲ್ಲಿತ್ತು. ನಮ್ಮ ಕಲ್ಲು ಅದಕ್ಕಿಂತ ಒಳಗೆ ನಿಂತರೆ ಸಾಕು. ಗೆಳತಿ ಕಲ್ಲನ್ನು ಬಿಟ್ಟಳು. ಹಾಸನದವಳು ಆ ತುದಿಯಲ್ಲಿ ಗುರಿ ತೋರಿಸುತ್ತ ನಿಂತಿದ್ದಳು. ಕಲ್ಲಿನ ಎಡಕ್ಕೆ ಹುಡುಗಿ, ಬಲಕ್ಕೆ ನಾನು. ಕಲ್ಲಿಗೆ ಹತ್ತಿರದಲ್ಲಿದ್ದದ್ದು ಹುಡುಗಿಯ ಪೊರಕೆ, ನನ್ನದು ಅದರ ಮುಂದೆ.

ಈಗ ನಿಧಾನವಾಗಿ ಬರೆಯುತ್ತೇನೆ. ಕಲ್ಲು ಬಿಟ್ಟ ವೇಗ ಕಡಿಮೆಯಿತ್ತು. "ಉಜ್ಜು, ಉಜ್ಜು, ಬಿಡಬೇಡ," ಎಂದು ನಾನು ಕೂಗಿದೆ. ಇಬ್ಬರೂ ಬಗ್ಗಿ ಪೂರ್ತಿ ಬಲ ಹಾಕಿದೆವು. ವೃತ್ತಗಳಿಗೆ ಮೊದಲು ಐಸಿನ ಮೇಲೆ ಎಳೆದಿರುವ ಅಡ್ಡಗೆರೆಗೆ ಮೂರು ನಾಲ್ಕು ಹೆಜ್ಜೆ ಇರುವಾಗ 'ಟಕ್' ಎಂದು ಸದ್ದು ಕೇಳಿತು. ಅದೇ ಕ್ಷಣ ಹುಡುಗಿಯ ಪೊರಕೆಯ ತಲೆ ಅದುರಿತು. ಅವಳು ನಿಲ್ಲಿಸಲಿಲ್ಲ, ನಾನೂ ನಿಲ್ಲಿಸಲಿಲ್ಲ. ಕಲ್ಲು ಗೆರೆ ದಾಟಿ, ವೃತ್ತದೊಳಗೆ ಹೋಗಿ, ಎದುರಿನವರ ಕಲ್ಲಿಗಿಂತ ಒಂದು ಗೇಣು ಒಳಗೆ ನಿಂತಿತು.

ಚಪ್ಪಾಳೆ. ಹಾಸನದವಳು ಎರಡೂ ಕೈ ಮೇಲೆತ್ತಿದಳು. ಹುಡುಗಿ ಪೊರಕೆಯನ್ನು ತಲೆಯ ಮೇಲೆ ಹಿಡಿದು ತಾಯಿಯ ಕಡೆ ತಿರುಗಿದಳು. ಎದುರು ತಂಡದ ನಾಯಕಿ, ನನ್ನಷ್ಟೇ ವಯಸ್ಸಿನ ಹೆಂಗಸು, ಕೈಕುಲುಕಲೆಂದು ಗ್ಲೌಸ್ ತೆಗೆಯುತ್ತಿದ್ದಳು.

ನಾನು ಕೈಯೆತ್ತಿದೆ. "ತಾಗಿತು," ಎಂದೆ. ಮತ್ತೆ ಇಂಗ್ಲಿಷಿನಲ್ಲಿ ಹೇಳಿದೆ.

ಯಾಕೆ ಹೇಳಿದೆ ಎಂದು ಈಗಲೂ ಕೇಳಿಕೊಳ್ಳುತ್ತೇನೆ. ಹತ್ತೊಂಬತ್ತು ವರ್ಷದಿಂದ ಲ್ಯಾಬಿನ ಪುಸ್ತಕದಲ್ಲಿ ನೋಡಿದ್ದನ್ನು ನೋಡಿದ ಕೂಡಲೇ ಬರೆದು ಸಹಿ ಹಾಕುವುದು ನನ್ನ ಕೆಲಸ. ಫಲಿತಾಂಶ ಯಾರಿಗೆ ಇಷ್ಟವಾಗುತ್ತದೆ, ಯಾರಿಗೆ ಇಲ್ಲ ಎಂದು ನೋಡುವಂತಿಲ್ಲ. ಅದರ ಬಗ್ಗೆ ನನಗೆ ಸಣ್ಣ ಹೆಮ್ಮೆಯೂ ಇತ್ತು.

"ನೋ, ಆಂಟಿ," ಎಂದಳು ಹುಡುಗಿ. ಮುಖದಲ್ಲಿ ಇನ್ನೂ ನಗು ಇತ್ತು, ನಾನು ತಮಾಷೆ ಮಾಡುತ್ತಿದ್ದೇನೆ ಎಂದುಕೊಂಡವಳ ಹಾಗೆ. "ಇಟ್ ಡಿಡಂಟ್. ತಾಗ್ಲಿಲ್ಲ."

"ಸದ್ದು ಕೇಳಿಸ್ತು ಮಗಾ. ನಿನ್ನ ಪೊರಕೆ ಅದುರಿದ್ದು ನೋಡಿದೆ."

ಅಂಪೈರನ್ನು ಕರೆದರು. ಅವರು ನೋಡಿರಲಿಲ್ಲ. ಎದುರಿನ ನಾಯಕಿ ಎರಡೂ ಕೈ ಹಿಂದೆ ಕಟ್ಟಿಕೊಂಡು, "ನಿಮ್ಮ ಮಾತೇ ಅಂತಿಮ, ನೀವೇ ಹೇಳಿ," ಎಂದಳು. ಗೆಳತಿ ಕಲ್ಲು ಬಿಟ್ಟ ಕಡೆಯಿಂದ ಐಸಿನ ಮೇಲೆ ನಡೆದು ಬಂದಳು. ಮೂವತ್ತು ಮೀಟರಿನಷ್ಟು ದೂರ. ಒಂದು ಕಾಲಿಗೆ ಜಾರುವ ಶೂ ಇರುವುದರಿಂದ ಬೇಗ ನಡೆಯಲಾಗುವುದಿಲ್ಲ. ಬಂದವಳು ನನ್ನ ಮುಖ ನೋಡಿದಳು. ಆಮೇಲೆ ಮಗಳನ್ನು ಕೇಳಿದಳು:

"ತಾಗಿತಾ?"

"ಇಲ್ಲ."

ತಾಯಿ ಮತ್ತೆ ಕೇಳಿದಳು: "ನಿಜ ಹೇಳು."

ಹುಡುಗಿಯ ಮುಖದಿಂದ ನಗು ಹೋದದ್ದು ಆಗ. ನಾನು ಹೇಳಿದಾಗಲ್ಲ. ಅವಳು ತಾಯಿಯನ್ನೇ ನೋಡುತ್ತ ನಿಂತಳು, ಉತ್ತರ ಕೊಡಲಿಲ್ಲ. ಉತ್ತರ ಕೊಡದ್ದನ್ನು ತಾಯಿ ಒಪ್ಪಿಗೆ ಎಂದುಕೊಂಡಳು. ವೃತ್ತದವರೆಗೆ ನಡೆದುಹೋಗಿ, ನಮ್ಮ ಕಲ್ಲನ್ನು ಕಾಲಿನಿಂದ ಆಚೆ ಸರಿಸಿದಳು. ಎದುರಿನವರ ಕಲ್ಲು ಉಳಿಯಿತು. ನಾವು ಸೋತೆವು.

ಪಂದ್ಯದ ಮೇಲೆ ಎರಡೂ ತಂಡಗಳು ಒಂದೇ ಮೇಜಿಗೆ ಕೂರುವುದು, ಗೆದ್ದವರು ಸೋತವರಿಗೆ ಕುಡಿಯಲು ಕೊಡಿಸುವುದು ವಾಡಿಕೆ. ಎಂಟು ಕುರ್ಚಿಗಳಲ್ಲಿ ಒಂದು ಖಾಲಿಯಿತ್ತು. ಗೋಡೆಗೆ ಒರಗಿಸಿದ ಹುಡುಗಿಯ ಪೊರಕೆ ಅಲ್ಲೇ ಇತ್ತು. ಎದುರಿನ ನಾಯಕಿ ನನ್ನ ಕೈ ಹಿಡಿದುಕೊಂಡು, ನಿಮ್ಮಂಥವರಿಂದ ಈ ಆಟ ಉಳಿದಿದೆ ಎಂದಳು. ಗೆಳತಿ ನಿಂಬೆ ಹಾಕಿದ ಸೋಡವನ್ನು ಕುಡಿಯದೆ ಹಿಡಿದುಕೊಂಡಿದ್ದಳು. ಮರುದಿನ ಮುಕ್ತಾಯ ಸಮಾರಂಭದಲ್ಲಿ, ಪ್ರಾಮಾಣಿಕವಾಗಿ ಆಡಿದವರಿಗೆಂದು ಆಟಗಾರರೇ ಆರಿಸಿ ಕೊಡುವ ಪದಕ ನನಗೆ ಬಂತು. ನಾನು ಅದನ್ನು ತೆಗೆದುಕೊಂಡೆ. ನಗುತ್ತ ಫೋಟೋಕ್ಕೂ ನಿಂತೆ.

ಮೂರು ವಾರದ ನಂತರ ಹಾಸನದವಳ ಗಂಡ ನಮ್ಮ ವಾಟ್ಸಾಪ್ ಗ್ರೂಪಿಗೆ ಒಂದು ವಿಡಿಯೋ ಹಾಕಿದರು. ಆ ಕೊನೆಯ ಕಲ್ಲನ್ನು ಪಕ್ಕದ ಗ್ಯಾಲರಿಯಿಂದ ಫೋನಿನಲ್ಲಿ ತೆಗೆದಿದ್ದರಂತೆ. ಫೋನು ತಾನಾಗಿಯೇ ಸ್ಲೋ ಮೋಷನ್ನಿಗೆ ಹೋಗಿತ್ತು. ಕೆಳಗೆ ಬರೆದಿದ್ದರು: 'ಮಂಡ್ಯದ ಗಂಟಲನ್ನು ಸ್ಲೋ ಮೋಷನ್ನಲ್ಲಿ ಕೇಳಿ, ಹುಲಿ ಆಕಳಿಸಿದ ಹಾಗಿದೆ.' ಊಟದ ಹೊತ್ತು. ನಾನು ಲ್ಯಾಬಿನ ಪಾರ್ಕಿಂಗಿನಲ್ಲಿ ಕಾರಿನೊಳಗೆ ಕೂತಿದ್ದೆ. ಕೊಲ್ಲಿಯಿಂದ ಬೀಸುವ ಗಾಳಿಗೆ ಕಾರು ಸಣ್ಣಗೆ ಅಲ್ಲಾಡುತ್ತಿತ್ತು. ಮೊಸರನ್ನದ ಡಬ್ಬಿ ತೊಡೆಯ ಮೇಲಿತ್ತು. ನಗುತ್ತಲೇ ವಿಡಿಯೋ ಒತ್ತಿದೆ.

ಅಡ್ಡಗೆರೆಗೆ ಮೂರು ನಾಲ್ಕು ಹೆಜ್ಜೆ ಇರುವಾಗ ನನ್ನ ಪೊರಕೆ ಹಿಂದಕ್ಕೆ ಬರುತ್ತದೆ. ಅದರ ಹಿಡಿ ಹುಡುಗಿಯ ಪೊರಕೆಯ ಕೋಲಿಗೆ ಬಡಿಯುತ್ತದೆ. ಅದೇ ಆ 'ಟಕ್'. ಅವಳ ಪೊರಕೆಯ ತಲೆ ಅದುರಿ, ಕಲ್ಲಿನಿಂದ ಆಚೆಗೆ, ಮೇಲಕ್ಕೆ ಹಾರುತ್ತದೆ. ಕಲ್ಲಿಗೂ ಅದಕ್ಕೂ ನಡುವೆ ಬಿಳಿಯ ಐಸು ಕಾಣುತ್ತದೆ, ಎರಡು ಬೆರಳು ಇಡುವಷ್ಟು ಅಗಲ. ಮತ್ತೆ ನೋಡಿದೆ. ನಿಲ್ಲಿಸಿ ನಿಲ್ಲಿಸಿ ನೋಡಿದೆ. ಆ ಬಿಳಿ ಎಲ್ಲಿಗೂ ಹೋಗಲಿಲ್ಲ.

ಅವತ್ತು ನಾನು ಕೇಳಿದ್ದು ಒಂದು ಸದ್ದು. ನೋಡಿದ್ದು ಒಂದು ಅದುರು. ತಾಗಿದ್ದನ್ನು ನಾನು ನೋಡಿರಲಿಲ್ಲ, ಊಹಿಸಿದ್ದೆ. ಲ್ಯಾಬಿಗೆ ಹೊಸದಾಗಿ ಬಂದವರಿಗೆ ಮೊದಲ ದಿನ ನಾನೇ ಹೇಳಿಕೊಡುವ ಪಾಠ ಅದು, ಕಂಡದ್ದನ್ನು ಬರೆಯಿರಿ, ಅದರಿಂದ ಏನಾಗಿರಬಹುದು ಎಂದು ಬರೆಯಬೇಡಿ. ಕಾರಿನಿಂದ ಇಳಿದು ಡಿಕ್ಕಿ ತೆಗೆದೆ. ಹುಡುಗಿಗೆ ಕೊಟ್ಟರಾಯಿತೆಂದು ಅವತ್ತು ಎತ್ತಿಟ್ಟುಕೊಂಡ ಪೊರಕೆ ಅಲ್ಲೇ ಇತ್ತು. ಕೋಲಿನ ಮೇಲೆ, ತಲೆಯಿಂದ ನಾಲ್ಕು ಬೆರಳು ಮೇಲೆ, ಕಪ್ಪು ಗೀರು. ನನ್ನ ಪೊರಕೆಯ ಹಿಡಿಯ ಬಣ್ಣ ಕಪ್ಪು. ಮೂರು ವಾರ ಆ ಗೀರನ್ನು ಹೊತ್ತುಕೊಂಡು ಓಡಾಡಿದ್ದೆ, ಒಂದು ಸಲವೂ ನೋಡಿರಲಿಲ್ಲ.

ಅರ್ಧ ದಿನ ರಜೆ ಹಾಕಿ ಸ್ಯಾನ್ ಮಟಿಯೋಗೆ ಹೋದೆ. ಡೇಕೇರಿನಲ್ಲಿ ಮಕ್ಕಳು ಮಲಗುವ ಹೊತ್ತು. ಪರದೆ ಎಳೆದಿತ್ತು. ಗೆಳತಿ ಒಂದು ಮಗುವಿನ ಬೆನ್ನು ತಟ್ಟುತ್ತ ನೆಲದ ಮೇಲೆ ಕೂತಿದ್ದಳು. ನಾನು ಪಕ್ಕದಲ್ಲಿ ಕೂತು ಫೋನು ತೆಗೆದೆ.

"ನೋಡಿದ್ದೇನೆ ಮಾರಾಯ್ತಿ," ಎಂದಳು, ದನಿ ಎತ್ತದೆ. "ಬೆಳಿಗ್ಗೆಯೇ ನೋಡಿದೆ."

"ತಪ್ಪು ನಂದು ಕಣೇ. ಅವಳಿಗೆ ನಾನೇ ಹೇಳ್ತೀನಿ."

"ಕಳಿಸಿ ಆಯ್ತು. ಸಾರಿ ಅಂತ ಬರೆದು ಕಳಿಸಿದೆ."

"ಏನಂದ್ಲು?"

ಅವಳು ಮಗುವಿನ ಬೆನ್ನು ತಟ್ಟುವುದನ್ನು ನಿಲ್ಲಿಸಲಿಲ್ಲ. "ವಿಡಿಯೋ ನನಗೆ ಬೇಕಿರಲಿಲ್ಲ ಅಮ್ಮ, ನಿನಗೆ ಬೇಕಿತ್ತು ಅಂತ ಬರೆದಿದ್ದಾಳೆ. ಇಂಗ್ಲಿಷಲ್ಲಿ."

"ನಾನು ಹೇಳಿದ್ದಕ್ಕೆ ತಾನೆ ನೀನು..."

"ನೀನು ಹೇಳಿದ್ದು ಒಂದು ಸಲ. ಎರಡನೇ ಸಲ ಕೇಳಿದ್ದು ನಾನು." ಮಗುವಿನ ಹೊದಿಕೆ ಸರಿಮಾಡಿ, "ನೀನು ಚಾ ಕುಡೀತಿಯಾ?" ಎಂದಳು. ಚಾ ಮಾಡಲು ಇಬ್ಬರಲ್ಲಿ ಯಾರೂ ಏಳಲಿಲ್ಲ.

ಆಮೇಲೆ ಮಾಡಬಹುದಾದದ್ದನ್ನೆಲ್ಲ ಮಾಡಿದೆ. ನಮ್ಮ ಲ್ಯಾಬಿನ ಪುಸ್ತಕದಲ್ಲಿ ತಪ್ಪು ಬರೆದರೆ ಅಳಿಸುವಂತಿಲ್ಲ. ಕೆಳಗಿನ ಅಕ್ಷರ ಕಾಣುವಂತೆ ಒಂದೇ ಗೆರೆ ಎಳೆದು, ಪಕ್ಕದಲ್ಲಿ ಸರಿಯಾದದ್ದನ್ನು ಬರೆದು, ಕಾರಣ ಕೊಟ್ಟು ಸಹಿ ಹಾಕಬೇಕು. ಆ ರೀತಿಯಲ್ಲೇ ಆಯೋಜಕರಿಗೆ ಒಂದು ಪುಟದ ಪತ್ರ ಬರೆದೆ. ಪದಕವನ್ನೂ ಪೊಟ್ಟಣ ಮಾಡಿ ಕಳಿಸಿದೆ. ಉತ್ತರ ಬಂತು: ಫಲಿತಾಂಶ ಬದಲಾಗುವುದಿಲ್ಲ, ಇಷ್ಟು ದಿನದ ಮೇಲೂ ನೀವು ತೋರಿದ ಪ್ರಾಮಾಣಿಕತೆ ಮೆಚ್ಚತಕ್ಕದ್ದು, ಪದಕ ನಿಮ್ಮದೇ. ಪೊಟ್ಟಣ ವಾಪಸ್ಸು ಬಂತು. ಗ್ರೂಪಿನಲ್ಲಿ ಎಲ್ಲರೂ ಓದುವಂತೆ ಬರೆದೆ. ಯಾರೋ ಕೈಮುಗಿದ ಚಿತ್ರ ಹಾಕಿದರು. ಇನ್ಯಾರೋ "ಆಟ ಅಲ್ವಾ ಅಕ್ಕ, ಬಿಟ್ಟಾಕಿ" ಎಂದರು. ಹುಡುಗಿಗೆ ಫೋನು ಮಾಡಿದೆ, ಎತ್ತಲಿಲ್ಲ. ತಾಯಿಯ ಜೊತೆಯೇ ಇದ್ದವಳು ಆ ತಿಂಗಳು ಒಂದು ಗಂಟೆ ದೂರದ ಮಾರ್ಗನ್ ಹಿಲ್‌ನಲ್ಲಿ ಅಪಾರ್ಟ್‌ಮೆಂಟ್ ಹಿಡಿದು ಹೋದಳು. ಅವಳ ಕೆಲಸ ಇದ್ದದ್ದು ಸ್ಯಾನ್ ಮಟಿಯೋದಲ್ಲೇ. ದಿನಾ ಅಷ್ಟು ದೂರ ಓಡಾಡಲು ಒಪ್ಪಿಕೊಂಡಳು.

ಎಂಟನೇ ತಿಂಗಳು ಒಂದು ಮೆಸೇಜು ಬಂತು. 'ಆಂಟಿ, ಶನಿವಾರ ಬನ್ನಿ, ಇಫ್ ಯೂ ವಾಂಟ್.' ಆ ಶನಿವಾರ ಇಬ್ಬರು ಮಕ್ಕಳನ್ನು ನೋಡಿಕೊಳ್ಳಲು ಗೆಳತಿ ಒಪ್ಪಿಕೊಂಡಿದ್ದಳು. ಹೊರಡುವಾಗ ಅವಳಿಗೆ ಫೋನು ಮಾಡಿ, ಪೊರಕೆಯನ್ನೂ ಒಯ್ಯುತ್ತಿದ್ದೇನೆ ಎಂದು ಹೇಳಿದೆ. "ಬರುವಾಗ ಇಲ್ಲಿ ನಿಲ್ಲಿಸು," ಎಂದಳು. ನಮ್ಮ ಮೂವರ ಮನೆಗಳೂ ಒಂದೇ ಫ್ರೀವೇಯ ಮೇಲಿವೆ. ತಿರುವೇ ಇಲ್ಲದ ದಾರಿ.

ಹುಡುಗಿ ಬಾಗಿಲು ತೆಗೆದು, "ಬನ್ನಿ ಆಂಟಿ, ಟ್ರಾಫಿಕ್ ಇತ್ತಾ?" ಎಂದಳು. ನೀರು ತಂದುಕೊಟ್ಟಳು. ಸೋಫಾದ ಮೇಲಿದ್ದ ಬಟ್ಟೆಗಳನ್ನು ತೆಗೆದು ಜಾಗ ಮಾಡಿದಳು. ನಾನು ಬರೆದುಕೊಂಡು ಬಂದಿದ್ದನ್ನು ಹೇಳಿದೆ. ಕೇಳಿದ್ದೇನು, ನೋಡಿದ್ದೇನು, ಊಹಿಸಿದ್ದೇನು. ಕಾರಿನಲ್ಲಿ ಅವಳ ತಾಯಿ ಕೊಟ್ಟ ಮಾತು ನನಗೆ ಗೊತ್ತಿತ್ತು, ಗೊತ್ತಿದ್ದೂ ನಾನು ಸುಮ್ಮನಿದ್ದೆ ಎಂಬುದನ್ನೂ ಹೇಳಿದೆ. ಅವಳು ಬೈದಿದ್ದರೆ ಚೆನ್ನಾಗಿತ್ತು.

"ಇಟ್ಸ್ ಓಕೆ, ಆಂಟಿ," ಎಂದಳು. "ನೀವು ತಪ್ಪು ನೋಡಿದ್ರಿ. ಜನ ತಪ್ಪು ನೋಡ್ತಾರೆ."

"ಅಮ್ಮನ ಜೊತೆ ಒಂದು ಸಲ ಮಾತಾಡು ಮಗಾ."

ಅವಳು ಮೇಜಿನ ಮೇಲಿದ್ದ ಒಂದು ಲಕೋಟೆಯ ಅಂಚನ್ನು ಉಗುರಿನಿಂದ ನೇರ ಮಾಡಿದಳು. ಸಿಟಿಜನ್‌ಶಿಪ್ ಸಂದರ್ಶನ ಮುಗಿಯಿತಂತೆ. ಇನ್ನು ಪ್ರಮಾಣವಚನವೊಂದೇ ಬಾಕಿ. ಅದಾದ ಮೇಲೆ ನಮ್ಮ ತಂಡಕ್ಕೆ ಬೇಕಾದ ಪಾಸ್‌ಪೋರ್ಟು ಅವಳ ಹತ್ತಿರ ಇರುವುದಿಲ್ಲ.

"ಆ ಆಫೀಸರ್ ಶುರುವಲ್ಲೇ ಕೈ ಎತ್ತಿ ಅಂದ್ರು," ಎಂದಳು. "ನಿಜ ಹೇಳ್ತೀನಿ ಅಂತ ಹೇಳ್ಬೇಕು. ಹೇಳಿದೆ. ಆಮೇಲೆ ಅವರು ಏನೇನೋ ಕೇಳಿದ್ರು, ನಾನು ಇಲ್ಲ ಅಂದ್ರೆ ಇಲ್ಲ ಅಂತ ಟಿಕ್ ಹಾಕಿದ್ರು, ಹೌದು ಅಂದ್ರೆ ಹೌದು. ಒಂದೊಂದು ಪ್ರಶ್ನೆ ಒಂದೇ ಸಲ ಕೇಳಿದ್ರು, ಆಂಟಿ." ಅವಳು ಲಕೋಟೆಯನ್ನು ಮಡಚದೆ ಪುಸ್ತಕವೊಂದರೊಳಗೆ ಇಟ್ಟಳು. "ಹಿ ಡಿಡಂಟ್ ಈವನ್ ನೋ ಮೀ."

ನಾನು ಎದ್ದೆ. ಪೊರಕೆ ತಂದಿದ್ದೇನೆ, ಕಾರಿನಲ್ಲಿದೆ ಎಂದೆ. ಅವಳು ನನ್ನ ಜೊತೆ ಕಾರಿನವರೆಗೆ ಬಂದಳು. ಡಿಕ್ಕಿಯಿಂದ ತೆಗೆದುಕೊಟ್ಟಾಗ ಒಂದು ಕ್ಷಣ ಹಿಡಿದುಕೊಂಡು, ಹೆಬ್ಬೆರಳಿನಿಂದ ಆ ಕಪ್ಪು ಗೀರನ್ನು ಉಜ್ಜಿ ನೋಡಿದಳು. ಹೋಗಲಿಲ್ಲ. ನನ್ನ ಕಾರಿನ ಹಿಂದಿನ ಬಾಗಿಲು ತೆಗೆದು ಅದನ್ನು ಸೀಟಿನ ಮೇಲೆ ಉದ್ದಕ್ಕೆ ಮಲಗಿಸಿ, ಬಾಗಿಲು ಮೆಲ್ಲಗೆ ಹಾಕಿದಳು.

"ಹುಷಾರಾಗಿ ಡ್ರೈವ್ ಮಾಡಿ," ಎಂದಳು.

ಸ್ಯಾನ್ ಮಟಿಯೋ ತಲುಪಿದಾಗ ಮಧ್ಯಾಹ್ನ. ಗೆಳತಿ ಕಾಯುತ್ತಿದ್ದಿರಬೇಕು. ನಾನು ಎಂಜಿನ್ ಆರಿಸುವ ಮೊದಲೇ ಹೊರಗೆ ಬಂದಳು, ಒಂದು ಭುಜದ ಮೇಲೆ ಯಾರದೋ ಮಗುವಿನ ಟವೆಲು. ನಾನು ಕಿಟಕಿ ಇಳಿಸಿದೆ. ಅವಳು ನನ್ನನ್ನು ಏನೂ ಕೇಳಲಿಲ್ಲ. ಬಗ್ಗಿ, ಗಾಜಿನ ಮೂಲಕ ಹಿಂದಿನ ಸೀಟನ್ನು ನೋಡಿದಳು. ಅಲ್ಲಿ ಪೊರಕೆ ಇತ್ತು. ಬಹಳ ಹೊತ್ತು ನೋಡಿದಳು. ಎರಡನೇ ಸಲ ನೋಡಲಿಲ್ಲ.

"ಮಕ್ಕಳು ಏಳುವ ಹೊತ್ತಾಯ್ತು," ಎಂದು ಒಳಗೆ ಹೋದಳು.